ಬೆನ್ನಿಗೆ ಬಟ್ಟೆ

ಧಾರವಾಡದಾಗ, ಟಿಕಾರೆ ರೋಡಿನ ಸಂದಿಯೊಳಗ ನಂದು ಅಂಗಡಿ.
ಬೋರ್ಡಿಲ್ಲ. ಅಂಟಿನ ವಾಸನಿ ಹಿಡದು ಬರತಾರ ಮಂದಿ.
ಮೈದಾ ಕುದಿಸಿ, ಚಿಟಿಕಿ ಮೈಲುತುತ್ತ ಹಾಕಿದ ಅಂಟು:
ಹುಳ ಮುಟ್ಟೂದಿಲ್ಲ. ಇಲಿ ಒಮ್ಮೊಮ್ಮೆ.

ಹೋದ ಸೋಮವಾರ ಕಾಲೇಜ ಲೈಬ್ರರಿಯಿಂದ
ಒಂದು ಟಂಟಂ ತುಂಬ ಲೋಕಸಭಾ ಬಂದಿಳೀತು.
"ಹಜರೇಸಾಬ, ಮೂವತ್ತೆಂಟು ಸಂಪುಟ. ಫುಲ್ ಕ್ಯಾಲಿಕೊ.
ಬೆನ್ನ ಮ್ಯಾಗ ಬಂಗಾರದ ಅಕ್ಷರ,"
ಅಂದ್ರು ಹಂಚಿನಮನಿ ಮೇಡಮ್ಮಾರು.
ಎಲ್ಲಾ ಹೊಲಿಗಿ ಬಿಟ್ಟಿದ್ವು. ಎತ್ತಿದ್ರ
ಪ್ರಶ್ನೆ ಒಂದು ಕಡೆ ಬೀಳತಿತ್ತು, ಮಂತ್ರಿ ಒಂದು ಕಡೆ.

ನಾ ಕಲಿತದ್ದು ಏಳನೇತ್ತ. ಇಂಗ್ಲಿಷ್ ನನಗ ಬರೂದು
ಬೆನ್ನ ಮ್ಯಾಗ ಎಷ್ಟ ಹಿಡಸ್ತೈತೋ ಅಷ್ಟ.
ಆದ್ರ ಬಟ್ಟಿಗೆ ಅಳತಿ ಬೇಕಲ್ಲ, ದಪ್ಪ ನೋಡತೇನಿ.
ಹಳೇವು ನಾಕು ಬೆರಳು, ಐದು ಬೆರಳು.
ಒಂದು ಬಜೆಟ್ಟಿಗೆ ಅದೆಷ್ಟು ಜಗಳಾಡ್ಯಾರೋ,
ಹೊಲೀಲಿಕ್ಕೆ ಹೋದ್ರ ಸೂಜಿ ಬಾಗತೈತಿ.
ಆಮ್ಯಾಲಿನವು ಎರಡು ಬೆರಳಿಗೆ ಇಳದಾವ.
ಕಾಗದ ತೆಳ್ಳಗಾತೋ, ಮಾತ ತೆಳ್ಳಗಾತೋ,
ನಾ ಹೆಂಗ ಹೇಳಲಿ.
ನನಗ ಬಟ್ಟಿ ಉಳೀತು.

ಮಗಳು ಮೆಹಜಬೀನ, ಲಾ ಎರಡನೇ ವರ್ಷ.
ನಾ ಹೊಲಿಯೂ ಮುಂದ ಬಾಜೂಕ ಕುಂತು ಓದಿ ಹೇಳತಾಳ.
"ಅಬ್ಬಾ, ಈ ಬಿಲ್ ನೋಡು, ಹನ್ನೊಂದು ಮಿನಿಟಿನ್ಯಾಗ ಪಾಸ್."
ನನ್ನ ಬಿಲ್ ದೀಪಾವಳಿಯಿಂದ
ಅಕೌಂಟ್ ಸೆಕ್ಷನ್ನಿನ್ಯಾಗ ಚರ್ಚೇದಾಗ ಐತಿ.
"ಇಲ್ಲೆ ಬರೇ ಚುಕ್ಕಿ, ಚುಕ್ಕಿ, ಚುಕ್ಕಿ. ಯಾರೋ ಏನೋ ಬೈದಾರ,
ಸಭಾಧ್ಯಕ್ಷರು ಕಡತದಿಂದ ತಗದಾರ."
ಏನ ಬೈದಿರಬಹುದು?
ಇಬ್ಬರೂ ಒಂದೊಂದು ತುಂಬಿಸಿ ನೋಡಿದ್ವಿ.
ಅಕಿದು ನನ್ನದಕ್ಕಿಂತ ಚಲೋ ಇತ್ತು.

ನಡುವ ಒಂದು ಸಂಪುಟ. ಎಪ್ಪತ್ತೊಂದೋ ಎಪ್ಪತ್ತೆರಡೋ,
ಇಸವಿ ಇದ್ದಲ್ಲೇ ಇಲಿ ಊಟ ಮಾಡಿತ್ತು.
ಅದರಾಗ ಒಂದು ಫಾರಂ, ಹದಿನಾರು ಪುಟ,
ತಲಿಮ್ಯಾಗಿನ ಮಡಿಕಿ ಕತ್ತರಿಸೇ ಇಲ್ಲ.
ಪ್ರೆಸ್ಸಿನವರ ಕೈತಪ್ಪು. ಅಂದ್ರ
ಐವತ್ತ ವರ್ಷ ಕಪಾಟಿನ್ಯಾಗ ನಿಂತು
ಒಬ್ಬನ ಬೆರಳೂ ಅದರೊಳಗ ಹೋಗಿಲ್ಲ.
ಚಾಕು ಆಡಿಸಿದೆ. ಹೊಸಾ ಕಾಗದದ ವಾಸನಿ ಬಂತು, ಖರೇನ.

ಮೆಹಜಬೀನ ಓದಿದ್ಲು. ಓದೂದು ನಿಂದ್ರಿಸಿದ್ಲು. ಮತ್ತ ಓದಿದ್ಲು.
ಯಾರೋ ಒಬ್ಬ ಮೆಂಬರ್ ಎದ್ದು ನಿಂತಾನ,
ನಮ್ಮ ಕಡ್ಯಾವಲ್ಲ, ಯಾವ ಪಕ್ಷ ಅನ್ನೂದೂ ಇಲ್ಲ. ಕೇಳ್ಯಾನ:
ರಟ್ಟಿಗೆ ಹಾಕಿದ ಸುಂಕದಿಂದ
ಪುಸ್ತಕಕ್ಕ ರಟ್ಟು ಕಟ್ಟೂ ಮಂದಿಗೆ ಎಷ್ಟು ಹಾನಿ ಆಗೇತಿ,
ಅದರ ಲೆಕ್ಕ ಸರಕಾರದ ಕಡೆ ಐತೇನು?

ಪುಸ್ತಕಕ್ಕ ರಟ್ಟು ಕಟ್ಟೂ ಮಂದಿ.

ಆಗ ಅಂಗಡಿ ಅಪ್ಪಂದು. ರಟ್ಟು ತುಟ್ಟಿ ಆತಂತ
ಹಳೇ ಕ್ಯಾಲೆಂಡರ್ ಏಳೇಳು ಪದರ ಅಂಟಿಸಿ
ತಾನs ರಟ್ಟು ಮಾಡತಿದ್ದ, ನನಗ ನೆನಪೈತಿ.
ಯಾವ ಪುಸ್ತಕ ತಗದ್ರೂ ಒಳಗ ಒಂದು ಹಳೇ ಶುಕ್ರವಾರ.
ದಿಲ್ಲಿಯೊಳಗ ಒಬ್ಬಾವ ಎದ್ದು ನಿಂತಾನ ಅಂತ
ಅವಗ ಯಾರೂ ಹೇಳಲಿಲ್ಲ.
ಹೇಳಾಕ ಅದು ಈ ಮಡಿಕಿಯೊಳಗ ಇತ್ತು.

"ಉತ್ತರ ಏನ ಕೊಟ್ಟಾರ?"
"ಅಂಥಾ ಲೆಕ್ಕ ಇಟ್ಟಿಲ್ಲ ಅಂದಾರ. ಅಷ್ಟ.
ಮುಂದಿನ ಪ್ರಶ್ನೆ ಸಕ್ಕರಿದು."

ಸೂಜಿ ಎಲ್ಲಿಟ್ಟೆ ಅಂತ ಭಾಳ ಹೊತ್ತು ಹುಡುಕಿದೆ.
ಬಾಯಾಗs ಇತ್ತು.

ಆ ಪುಟಕ್ಕ ಒಂದು ಹಸರ ರಿಬ್ಬನ್ ಇಟ್ಟು ಹೊಲದೆ.
ಕೊಟೇಶನ್ನಿನ್ಯಾಗ ರಿಬ್ಬನ್ ಇಲ್ಲ.
ಯಾಕ, ರೊಕ್ಕ ಎಷ್ಟು, ಅಂತ ಮೇಡಮ್ಮಾರು ಕೇಳಿದ್ರ
ಅಂಥಾ ಲೆಕ್ಕ ಇಟ್ಟಿಲ್ಲ ಅಂತೇನಿ.

ಅಂಚಿನ ಚೂರು ಮಿರ್ಚಿ ಭಜಿಯವನ ಒಲಿಗೆ ಹ್ವಾದ್ವು.
ಬೆನ್ನಿಗೆ ಬಟ್ಟಿ ಎಳದು, ಅಂಟು ಒರಿಸಿ,
ಮ್ಯಾಗ ಬೀಸೂಕಲ್ಲು ಹೇರೇನಿ.
ಮೋಡದ ಹವಾ. ಲಗೂ ಒಣಗೂದಿಲ್ಲ.
ಒಳಗ ಸುಂಕದವರು, ಸಕ್ಕರಿಯವರು, ಚುಕ್ಕಿಯವರು
ಒತ್ತಿಕೊಂಡು ಕುಂತಾರ.

"ಯಾವಾಗ ತಗೀತಿ ಅಬ್ಬಾ?"
ನಾಳೆ. ಮುಂಜಾನೆ ಹನ್ನೊಂದಕ್ಕ.