ದೋಟಿಗೆ ಕಟ್ಟಿದ ಮೈಕು

ಮಾವು ಕೀಳುವ ದೋಟಿಯ ಬಲೆ ಬಿಚ್ಚಿ
ತುದಿಗೆ ಮೈಕು ಕಟ್ಟಿ ಹಿಡಿದವನು ನಾನು.
ಏಳು ಸಿನಿಮಾ. ಏಳರಲ್ಲೂ
ಅಲುವೇಲುವಿನ ನೆತ್ತಿಗೆ ಒಂದು ಮೊಳ ಮೇಲೆ
ನನ್ನ ಕೈ ನಡುಗಿದೆ, ನಗು ತಡೆದು ತಡೆದು.

ಶ್ರೀನಿವಾಸಪುರದ ಮಂಡಿಯಲ್ಲಿ ಅವಳು ಚೀಟಿ ಬರೆಯುತ್ತಾಳೆ:
ಬೇನಿಷಾ ಇಷ್ಟು ಕ್ರೇಟು, ತೋತಾಪುರಿ ಇಷ್ಟು ಟನ್ನು,
ಕೊಳೆತದ್ದು ಇಷ್ಟು.
ಕ್ಯಾಮೆರಾಕ್ಕೂ ಅದೇ ಮುಖ.

ಮೊದಲನೆಯದರಲ್ಲಿ ಹೆಣ. ಸೀನುವ ಹೆಣ.
ಎರಡನೆಯದರಲ್ಲಿ ಇನ್ಸ್‌ಪೆಕ್ಟರು, ಕಳ್ಳ, ಕಳ್ಳನ ಅತ್ತೆ;
ಮಿಕ್ಕ ಇಬ್ಬರು ಬರಲಿಲ್ಲ, ಮದುವೆ ಸೀಸನ್ನು.
ತನ್ನನ್ನು ತಾನೇ ಅಟ್ಟಿಸಿಕೊಂಡು ಓಡಿ
ರೋಣೂರು ಕ್ರಾಸಿನಲ್ಲಿ ತನಗೇ ಸಿಕ್ಕಿಬಿದ್ದಳು,
ಅತ್ತೆಯಾಗಿ ಬಂದು ಜಾಮೀನೂ ಕೊಟ್ಟಳು.

ಮೂರನೆಯದರಲ್ಲಿ ಫ್ರಿಜ್ಜು.
ಇಪ್ಪತ್ತೆರಡು ನಿಮಿಷ ಅಲ್ಲಾಡಲಿಲ್ಲ.
ಬಾಗಿಲು ತೆಗೆದರೆ ಕಣ್ಣು ಬಿಡುವುದು, ಅಷ್ಟೇ.
ಡೈರೆಕ್ಟರು ಸೊಣ್ಣಪ್ಪ (ಹಗಲೆಲ್ಲ ಪಾಸ್‌ಪೋರ್ಟ್ ಫೋಟೊ ತೆಗೆಯುವವನು)
‘ಇನ್ನೂ ತಣ್ಣಗೆ ನೋಡಕ್ಕಾ’ ಎಂದ.
‘ಕರೆಂಟು ಹೋಗೈತೆ, ಆಗಲ್ಲ.’
ಸ್ಕ್ರಿಪ್ಟಿನಲ್ಲಿರಲಿಲ್ಲ. ಉಳಿಸಿಕೊಂಡೆವು.

ಬೆಂಗಳೂರಿನ ಒಂದು ನೆಲಮಾಳಿಗೆಯಲ್ಲಿ ತೋರಿಸಿದಾಗ
ಹನ್ನೊಂದು ಜನ, ನಾವು ನಾಲ್ವರೂ ಸೇರಿ.
ಒಬ್ಬ ಹಿರಿಯರು ತಪ್ಪು ಜಾಗದಲ್ಲೆಲ್ಲ ನಕ್ಕರು,
ಅವಳು ಕಾಫಿ ಆರಿಸುವಾಗ, ಚಪ್ಪಲಿ ಹುಡುಕುವಾಗ.
‘ಆಯಪ್ಪಂಗೊಬ್ಬಂಗೇ ಅರ್ಥ ಆಗಿದ್ದು’
ಎಂದಳು ವಾಪಸು ಬಸ್ಸಿನಲ್ಲಿ, ಕಡಲೆಕಾಯಿ ಸುಲಿಯುತ್ತಾ.

ಕೋಲಾರದವರು ಕೊಟ್ಟ ಫಲಕದ ಮೇಲೆ
‘ಉತ್ತಮ ಹಾಸ್ಯನಟ, ಶ್ರೀ ಅಲುವೇಲು’.
ಅದೀಗ ಮಂಡಿಯ ಚೀಟಿಗಳ ಮೇಲೆ ಕೂತಿದೆ,
ಫ್ಯಾನಿನ ಗಾಳಿಗೆ ಲೆಕ್ಕ ಹಾರದಂತೆ.

ದೊಡ್ಡ ಸಿನಿಮಾದವರೂ ಕರೆದರು ಒಮ್ಮೆ.
ಹೀರೋನ ಗೆಳೆಯ ಒದೆಯಬೇಕು, ಇವಳು ಸಗಣಿಗೆ ಬೀಳಬೇಕು.
‘ಬೀಳ್ತೀನಿ. ಆಮೇಲೆ?’
‘ಆಮೇಲೇನಿಲ್ಲಮ್ಮ, ಜನ ನಗ್ತಾರೆ.’
‘ಸಗಣಿಗಾದ್ರೂ ಡೈಲಾಗ್ ಐತಾ?’
ಉತ್ತರಕ್ಕೆ ಕಾಯದೆ
ಸಂಜೆ ಆರರ ಚಿಂತಾಮಣಿ ಬಸ್ಸು ಹತ್ತಿದಳು.

ಶೂಟಿಂಗು ಮುಗಿದ ಮೇಲೆ ಪ್ರತಿ ಸಲ
ಯಾರೂ ಮಿಸುಕದೆ ಒಂದು ನಿಮಿಷ ನಿಂತು
ಕೋಣೆಯ ಮೌನವನ್ನು ಹಿಡಿಯಬೇಕು,
ಎಡಿಟಿಂಗಿನಲ್ಲಿ ತೂತು ಮುಚ್ಚಲು ಬೇಕಾಗುತ್ತದೆ.
ಅಂಥ ಏಳು ನಿಮಿಷ ನನ್ನ ಹತ್ತಿರ ಇದೆ.
ನಿದ್ದೆ ಬಾರದ ರಾತ್ರಿ ಹೆಡ್‌ಫೋನು ಹಾಕಿ ಕೇಳುತ್ತೇನೆ:
ಗೋಡೆ ಗಡಿಯಾರ, ದೂರದ ಲಾರಿ,
ಸೊಣ್ಣಪ್ಪನ ಹೊಟ್ಟೆ ಗುರ್ರೆಂದದ್ದು.
ನಾಲ್ಕನೆಯದರ ಮೂವತ್ತೆಂಟನೆಯ ಸೆಕೆಂಡಿಗೆ
ಮೂಗಿನಿಂದ ಹೊರಟ ಒಂದು ಚೂರು ಗಾಳಿ,
ನಡುವೆ ತುಸು ಅದುರಿ.

ಅವಳದೇ. ನಕ್ಕಳೇ?
ನೆಗಡಿಯಿತ್ತೇ?

ನಿನ್ನೆ ಮಂಡಿಗೆ ಹೋಗಿ ಕೇಳಿಯೇಬಿಟ್ಟೆ.
ಚೀಟಿಯಿಂದ ತಲೆಯೆತ್ತದೆ
‘ಕೊಳೆತಿದ್ದು ಎಷ್ಟು ಅಂತ ಬರ್ಕೊಳ್ಳಿ?’ ಎಂದಳು.