ತಿದ್ದುಪಡಿ

ಕೋಡಿಬಾಗ ರಸ್ತೆಯ ಮುದ್ರಣಾಲಯದಲ್ಲಿ
ಮೊಳೆ ಜೋಡಿಸುತ್ತಿದ್ದವ ನಾನು.
ಮಂಗಳವಾರ, ಬಂದರು ಕಚೇರಿ ಬಿಟ್ಟ ಮೇಲೆ,
ಸುಲಭಾ ತಾಂಡೇಲ ಬರುವರು:
ಕೈಯಲ್ಲಿ ನಾಲ್ಕು ಹಾಳೆ, ಸೀರೆಯಂಚಿಗೆ ಒಣಗಿದ ಕೆಸರು.
ಹಗಲೆಲ್ಲ ಸರಕಾರಿ ದಫ್ತರದಲ್ಲಿ ಭರತಿಯ ಅಂಕಿ ತುಂಬಿ
ಬೆಳಗಿನ ಜಾವ ಅದೇ ನೀರಿಗೆ
ಮೊಣಕಾಲು ಇಳಿಸುವ ಹೆಂಗಸು.

ಅವರ ಅಕ್ಷರಕ್ಕಿಂತ ಅವರ ಗಿಡವೇ ನನಗೆ ತೊಂದರೆ.
ಕಾಂಡ್ಲಾ, ಕಾಂಡ್ಲಾ, ಸಾಲಿಗೆರಡು ಕಾಂಡ್ಲಾ.
ಡಕಾರದ ಬುಡಕ್ಕೆ ಜೋತುಬೀಳುವ ಆ ಪುಟ್ಟ ಲ-ಒತ್ತು
ನನ್ನ ಖಾನೆಯಲ್ಲಿ ಇದ್ದದ್ದೇ ಅರುವತ್ತೋ ಎಪ್ಪತ್ತೋ.
"ಬಾಯೀ, ಎಲ್ಲ ನಿಮ್ಮ ಗಿಡಕ್ಕೇ ಸುರಿದರೆ
ರೇವಣಕರ ಸಾಹೇಬರ ಸಂಪಾದಕೀಯದಲ್ಲಿ
'ಇಲ್ಲ' ಅನ್ನಲು ಮೊಳೆ ಸಾಲುವುದಿಲ್ಲ" ಅಂದೆ.
ಅವರು ನಗಲಿಲ್ಲ.
"ಸಾಹೇಬರು ಇಲ್ಲ ಅಂದದ್ದು ಯಾವಾಗ?"

ಕಾಂಡ್ಲಾದ ಬೀಜ
ತಾಯಿಮರದಲ್ಲಿ ತೂಗುತ್ತಿರುವಾಗಲೇ ಮೊಳೆಯುತ್ತದಂತೆ.
ಬಿದ್ದರೆ ನೆಟ್ಟಗೆ ಕೆಸರಿಗೆ,
ತಪ್ಪಿದರೆ ನೀರಿನ ಜೊತೆ ಹೊರಟು
ಯಾರದೋ ದಡ ಹಿಡಿದು ಬೇರು.
ಆ ಸಾಲು ಜೋಡಿಸಲು, ಬೆರಳಲ್ಲಿ ಸೀಸದ ಮೊಳೆ ಹಿಡಿದು,
ನನಗೇಕೋ ಹೊತ್ತು ಹಿಡಿಯಿತು.

ತಪ್ಪೂ ಬರೆಯುತ್ತಿದ್ದರು. ಬರೆದರೆ ಮರುವಾರ
ಮೊದಲ ಪುಟದಲ್ಲೇ ತಿದ್ದುಪಡಿ ಬೇಕು.
"ಇಳಿತ ಎಂದು ಬರೆದಿದ್ದೆ. ಅದು ಸುಕತಿ ಎಂದು
ಬಳಚು ಹೆಕ್ಕುವ ಮುಕ್ತಾ ಹರಿಕಂತ್ರ ತಿಳಿಸಿದ್ದಾರೆ.
ನೀರು ಅವರದ್ದು, ಮಾತೂ ಅವರದ್ದು."
ಇನ್ನೊಮ್ಮೆ:
"ನೀರುನಾಯಿ ನಾಲ್ಕು ಎಂದಿದ್ದೆ. ಮೂರು.
ನಾಲ್ಕನೆಯದು ತೇಲುವ ತೆಂಗಿನಕಾಯಿ."

ಅಹವಾಲು ಸಭೆಯ ದಿನ
ವರದಿಯ ಹದಿನೇಳನೆಯ ಪುಟದಲ್ಲಿ ಕಾಳಿಯ ಅಂಚು ಹೀಗಿತ್ತು:
ನಿರುಪಯುಕ್ತ ಕೆಸರು ಪ್ರದೇಶ, ಮುನ್ನೂರು ಎಕರೆ.
ಅವರಿಗೆ ಮೂರು ನಿಮಿಷ ಕೊಟ್ಟಿದ್ದರು.
"ನಿರುಪಯುಕ್ತ ಎಂಬಲ್ಲಿ ತಿದ್ದುಪಡಿ" ಎಂದು ಶುರುಮಾಡಿ
ಅಲ್ಲಿ ಇಳಿದು ಬುಟ್ಟಿ ತುಂಬುವ ಹೆಂಗಸರ ಹೆಸರು ಓದಿದರು,
ಕೇರಿ ಕೇರಿಯಾಗಿ, ಅಳಿವೆಯಿಂದ ಮೇಲಕ್ಕೆ.
ಗಂಟೆ ಬಾರಿಸಿದಾಗ
ಇನ್ನೂ ಸುಂಕೇರಿ ದಾಟಿರಲಿಲ್ಲ.

ಅವರಿಗೆ ಭಟ್ಕಳಕ್ಕೆ ವರ್ಗವಾಯಿತು. ಕೆಸರಿಗೆ ಮಣ್ಣು ಬಿತ್ತು,
ಎಲ್ಲಕ್ಕೂ ಅಲ್ಲ.
ಸೋತರು ಅಂದವರಿದ್ದರು, ಗೆದ್ದರು ಅಂದವರೂ.
ಭಟ್ಕಳದಿಂದ ಅಂಚೆಯಲ್ಲಿ ಬಂದ ಹಾಳೆಯಲ್ಲಿ ಇದ್ದದ್ದು ಇಷ್ಟು:
ಉಳಿದದ್ದು, ನೂರ ನಲವತ್ತೊಂದು ಎಕರೆ.
ಮುಂದಿನ ವಾರ: ಏಡಿಗಳ ಬಗ್ಗೆ.

ಹೋದ ತಿಂಗಳು ತೀರಿಕೊಂಡರು.
"ಪರಿಸರ ಪ್ರೇಮಿ ಇನ್ನಿಲ್ಲ" ಎಂದು
ಕಂಪ್ಯೂಟರಿನ ಹುಡುಗರು ದಪ್ಪಕ್ಷರದಲ್ಲಿ ಹಾಕಿದರು.
ಲ-ಒತ್ತು ಈಗ ಎಷ್ಟು ಬೇಕಾದರೂ ಸಿಗುತ್ತದೆ.
"ಪ್ರೇಮಿ ಅಲ್ಲ, ತಿದ್ದಿ" ಎಂದೆ.
"ಮತ್ತೇನು ಹಾಕಲಿ, ಅಜ್ಜಾ?"
ಜೀವಮಾನವಿಡೀ ಅವರ ಶಬ್ದ ಹೆಕ್ಕಿ ಜೋಡಿಸಿದವನಿಗೆ
ಒಂದು ಶಬ್ದ ಹೊಳೆಯಲಿಲ್ಲ.

ಇವತ್ತು ಸುಕತಿಗೆ ಸರಿಯಾಗಿ
ಮಣ್ಣು ಮುಗಿಯುವಲ್ಲಿಗೆ ನಡೆದು ಹೋದೆ.
ಕೆಸರಿನಲ್ಲಿ ಹಸಿ ಹೆಜ್ಜೆ, ಕಲ್ಲಿನ ಮೇಲೆ ಮೀನಿನ ಹುರುಪೆ.
ಎರಡರದೋ ಐದರದೋ, ನಾನು ಹೇಳಲಾರೆ,
ನನ್ನ ಕಣ್ಣು ಕೆಟ್ಟದ್ದು ಅವರ ಗಿಡದಿಂದಲೇ.
ಕಾಂಡ್ಲಾದ ಬೇರಿನಾಚೆ
ಒಂದು ತೆಂಗಿನಕಾಯಿ ತೇಲುತ್ತಿತ್ತು.
ಬಹಳ ಹೊತ್ತು ನೋಡುತ್ತ ಕೂತೆ.

ಮುಳುಗಿತು.