ಮೂರನೆಯ ಪ್ರೂಫು

ಬೆಟಗೇರಿಯ ಮಗ್ಗದ ಓಣಿ ಮುಗಿಯುವಲ್ಲಿ ನಮ್ಮ ಪ್ರೆಸ್ಸು.
ಲಗ್ನಪತ್ರ, ಪಂಚಾಂಗ, ಹತ್ತಿ ಅಡತಿಯ ಪಾವತಿಪುಸ್ತಕ,
ಇಷ್ಟೇ ನನ್ನ ಕೈ ಕಂಡ ಸಾಹಿತ್ಯ,
ಫಾದರ್ ಇನಾಸಪ್ಪನವರು ಸೈಕಲ್ಲಿಗೆ ಕೈಚೀಲ ತೂಗಿಕೊಂಡು
ಬರುವತನಕ.

ಮುನ್ನೂರು ಹಾಳೆ, ಹಸಿರು ಮಸಿ:
ಮರಿಯಮ್ಮನವರ ಮೇಲೆ, ಬೈಬಲ್ಲಿನ ಮಾತಿನ ಮೇಲೆ.
ಮೊದಲ ಫಾರಂ ಕಟ್ಟುವಷ್ಟರಲ್ಲಿ
ಕೇಸಿನೊಳಗೆ ‘ರಿ’ ಮನೆ ಬರಿದು.
ಎದುರಿನ ದಾವಲಸಾಬನಿಂದ ಎರಡು ಹಿಡಿ ಕಡ ತಂದೆ.
‘ಎಷ್ಟ ರೀ ರೀ ಅಂತೀರಿ ಆಕಿಗೆ?’ ನಕ್ಕ.
ಲಗ್ನದ ಸುಗ್ಗಿ; ಅವನಿಗೆ ಬೇಕಾದದ್ದು ನಮ್ಮ ‘ಶ್ರೀ’.

ಹದಿನೇಳು ಪುಟ ಒಂದೇ ಶಬ್ದಕ್ಕೆ.
ದೇವದೂತ ಆಕೆಯನ್ನು ಮೊದಲು ಕರೆದದ್ದು ಹೆಸರಿನಿಂದಲ್ಲವಂತೆ,
ಗ್ರೀಕಿನ ಒಂದು ಕ್ರಿಯಾರೂಪದಿಂದ:
ಯಾರೋ ತುಂಬಿದರು, ಆಕೆ ತುಂಬಿದಳು,
ತುಂಬಿದ್ದು ಇನ್ನೂ ತುಂಬಿಯೇ ಇದೆ.
ಜಪದ ‘ವರಪ್ರಸಾದ ಪೂರ್ಣೆ’ಯ ಪಕ್ಕ, ಅಂಚಿನಲ್ಲಿ:
‘ತುಂಬಿದವರು ಯಾರು? ಈ ಪದ ಹೇಳೀತೇ?’

ನಳದ ಸರದಿಯಲ್ಲಿ ಹೆಂಡತಿ ಕೊಡ ಎತ್ತುವಾಗ ಹೊಳೆಯಿತು.
ತುಂಬಿದ ಕೊಡ ಅಂದರೆ
ತಾನೇ ತುಂಬಿದ್ದೋ, ಇವಳು ತುಂಬಿದ್ದೋ?
ಕನ್ನಡ ಬಾಯಿ ಬಿಡುವುದಿಲ್ಲ.
ಫಾದರ್‌ಗೆ ಹೇಳಿದೆ. ಗ್ಯಾಲಿ ಪ್ರೂಫಿನ ಮೂಲೆಯಲ್ಲಿ ಬರೆದುಕೊಂಡರು,
ಪುಸ್ತಕದಲ್ಲಿ ಹಾಕಲಿಲ್ಲ.

ಮುಂದಿನ ಅಧ್ಯಾಯ ಆಕೆಯ ಉತ್ತರಕ್ಕೆ: ‘ಆಗಲಿ.’
‘ಇದು ತಲೆಬಾಗುವ ಒಪ್ಪಿಗೆಯಲ್ಲ,’ ಎಂದಿದ್ದರು, ‘ಹಂಬಲ.
ಇದನ್ನು ಕನ್ನಡಕ್ಕೆ ಕಲಿಸಬೇಕಿಲ್ಲ;
ಮೊಸರು ಮಾರುವವಳ ನಾಲಗೆಯ ಮೇಲೂ ಇದೆ.’

ಮೊಳೆ ಜೋಡಿಸುತ್ತಿದ್ದ ಕೈ ನಿಂತಿತು.
ಅಕ್ಕ ಗುರುಬಸವ್ವನಿಗೆ ಹದಿನಾರು;
ಪಡಸಾಲೆಯ ಕಂಬ ನೋಡುತ್ತ ಅವಳೂ ‘ಆಗ್ಲಿ’ ಅಂದಿದ್ದಳು,
ನರಗುಂದದ ವರನಿಗೆ.
ಅದು ಯಾವ ರೂಪ, ಕೇಳಬೇಕೆಂದಿದ್ದೆ.
ಫಾದರ್ ಅಲ್ಪವಿರಾಮ ಎಣಿಸುತ್ತಿದ್ದರು.

ಮೂರನೆಯ ಪ್ರೂಫಿನಲ್ಲಿ ಸಾಲು ಮುರಿದು
‘ಮರಿ’ ಮೇಲೆ ಉಳಿಯಿತು, ‘ಯಮ್ಮ’ ಕೆಳಗಿಳಿಯಿತು.
ತಿದ್ದಲು ಚಿಮಟ ಹಿಡಿದೆ.
ಕನ್ನಡಕ ಹಣೆಗೇರಿಸಿ ನಕ್ಕರು:
‘ಗ್ವಾದಲಿಯೊಳಗ ಮಲಗಿದ್ದೂ ಮರೀನಽ ಅಲ್ಲೇನು? ಇರ್ಲಿ ಬಿಡೋ.’

ಮಳಿಗಾಲದೊಳಗೆ ಪುಸ್ತಕ ಹೊರಬಿತ್ತು, ಫಾದರ್‌ಗೆ ವರ್ಗವಾಯಿತು.
‘ರಿ’ಗಳನ್ನು ತೊಳೆದು ತಿರುಗಿ ಕೊಟ್ಟೆ,
ಎಲ್ಲವೂ ಒಂದು ಕೂದಲು ಸವೆದಿದ್ದವು.

ಒಂದು ಪ್ರತಿ ನರಗುಂದಕ್ಕೆ ಒಯ್ದೆ.
ಅಕ್ಕನಿಗೆ ಓದು ಬಾರದು.
ರಟ್ಟು ಸವರಿ, ಮಸಿ ಮೂಸಿ ನೋಡಿ,
ಆಗತಾನೇ ತುಂಬಿದ ಗಡಿಗೆಯ ಬಾಯಿಗೆ
ಮುಚ್ಚಿಟ್ಟಳು.